ಟಾಕೀಸ್ ಆಪರೇಟರ್ ಬಗ್ಗೆ ಡಾಕ್ಯುಮೆಂಟರಿ: ಕ್ಯಾಮೆರಾ ಮುಂದೆ ಅವರು ಮಾತೇ ಆಡ್ತಿಲ್ಲ

ಟೆಂಟ್_ಟಿಕೆಟ್:
ನಮಸ್ಕಾರ. ನಮ್ಮೂರ ಟೂರಿಂಗ್ ಟಾಕೀಸಿನಲ್ಲಿ ಮೂವತ್ತು ವರ್ಷ ಪ್ರೊಜೆಕ್ಟರ್ ಓಡಿಸಿದ ಅಜ್ಜನ ಬಗ್ಗೆ ಡಾಕ್ಯುಮೆಂಟರಿ ಮಾಡುತ್ತಿದ್ದೇನೆ. ಚಹಾ ಕುಡಿಯುವಾಗ ಗಂಟೆಗಟ್ಟಲೆ ಮಾತಾಡುತ್ತಾರೆ. ಕ್ಯಾಮೆರಾ ಇಟ್ಟು "ಆ ಕಾಲದ ಸಿನಿಮಾ ಬಗ್ಗೆ ಹೇಳಿ ಅಜ್ಜ" ಅಂದರೆ, "ಆಗ ಚೆನ್ನಾಗಿತ್ತಪ್ಪ" ಅಂದು ಸುಮ್ಮನಾಗುತ್ತಾರೆ. ನಾಲ್ಕು ದಿನದ ಶೂಟಿಂಗ್ ಪೂರ್ತಿ ಹೀಗೇ. ಸಿನಿಮಾ ಇತಿಹಾಸವನ್ನು ಚೆನ್ನಾಗಿ ತೋರಿಸಿದ ಡಾಕ್ಯುಮೆಂಟರಿ ಯಾವುದಾದರೂ ಇದ್ದರೆ ಹೇಳಿ.

ರೀಲ್_ಡಬ್ಬಿ:
ಮೊದಲು 'ಸೆಲ್ಯುಲಾಯ್ಡ್ ಮ್ಯಾನ್' ನೋಡಿ, 2012ರದ್ದು. ಶಿವೇಂದ್ರ ಸಿಂಗ್ ಡುಂಗರ್‌ಪುರ್ ನಿರ್ದೇಶನ. 1964ರಲ್ಲಿ ಶುರುವಾದ ಪುಣೆಯ ಫಿಲ್ಮ್ ಆರ್ಕೈವ್ (ಹಳೇ ಸಿನಿಮಾಗಳನ್ನು ಕಾಪಾಡಿಡುವ ಸಂಸ್ಥೆ) ಅನ್ನು ರೀಲಿಗೆ ರೀಲು ಸೇರಿಸಿ ಕಟ್ಟಿದ ಪಿ.ಕೆ. ನಾಯರ್ ಬಗ್ಗೆ. ನಾಯರ್ ಅವರನ್ನು ಸುಮ್ನೆ ಕುರ್ಚಿ ಮೇಲೆ ಕೂರಿಸಿ ಇತಿಹಾಸ ಹೇಳಿಸಿಲ್ಲ, ರೀಲಿನ ಡಬ್ಬಿಗಳ ನಡುವೆ, ಅವರು ಇಷ್ಟು ವರ್ಷ ಓಡಾಡಿದ ಜಾಗದಲ್ಲೇ ಬಿಟ್ಟಿದ್ದಾರೆ, ಅದಕ್ಕೇ ನೆನಪು ತಾನಾಗಿ ಬರುತ್ತದೆ. ನನ್ನ ಪ್ರಕಾರ ನಿರ್ದೇಶನ ಅಂದರೆ ಅದೇ.

ಸಾಗರ_ಸೀಮೆ:
ಅದರಲ್ಲಿ ನಮ್ಮ ಹೆಗ್ಗೋಡೂ ಇದೆ! 1973ರಲ್ಲಿ ಕೆ.ವಿ. ಸುಬ್ಬಣ್ಣನವರು ನೀನಾಸಂ ಚಿತ್ರಸಮಾಜ ಶುರು ಮಾಡಿದರು, ಆಮೇಲೆ ಪುಣೆಯಿಂದ ಪ್ರಿಂಟ್‌ಗಳು ಬರುತ್ತಿದ್ದವು. ಅಡಿಕೆ ತೋಟದವರು ಜಪಾನಿನ ನಿರ್ದೇಶಕ ಕುರೊಸಾವಾ ಸಿನಿಮಾ ನೋಡಿ ಬಂದು ಮನೆ ಜಗಲಿಯಲ್ಲಿ ಮಾತಾಡುತ್ತಿದ್ದರು ಅಂದರೆ ಹೊರಗಿನವರು ನಂಬಲ್ಲ. ನೋಡಿದವರ ನೆನಪೂ ಸಿನಿಮಾ ಇತಿಹಾಸವೇ ಅಲ್ವಾ? ನಿಮ್ಮ ಅಜ್ಜನ ಟೆಂಟಿನಲ್ಲಿ ಮರಳ ಮೇಲೆ ಕೂತು ನೋಡಿದವರನ್ನೂ ಹುಡುಕಿ. ತಡ ಮಾಡಬೇಡಿ. 1934ರ 'ಸತಿ ಸುಲೋಚನಾ', ನಮ್ಮ ಮೊದಲ ಮಾತಿನ ಚಿತ್ರ, ಒಂದು ಪ್ರಿಂಟೂ ಉಳಿದಿಲ್ಲ. ಆಗಿನ ಫಿಲ್ಮು ಬೇಗ ಬೆಂಕಿ ಹಿಡಿಯುತ್ತಿತ್ತು, ಬೆಳ್ಳಿ ತೆಗೆಯೋಕೆ ಅಂತ ಗುಜರಿಗೆ ಹೋದದ್ದೂ ಜಾಸ್ತಿ. ಇದನ್ನು ನೆನೆದಾಗಲೆಲ್ಲ ಹೊಟ್ಟೆ ಉರಿಯುತ್ತದೆ.

ಕಾರ್ಬನ್_ಕಡ್ಡಿ:
ನನ್ನ ತಂದೆಯೂ ಆಪರೇಟರ್ ಆಗಿದ್ದರು. "ಆ ಕಾಲ ಹೇಗಿತ್ತು" ಅನ್ನೋದು ಬಹಳ ದೊಡ್ಡ ಪ್ರಶ್ನೆ, ಯಾರಿಗಾದರೂ ಬಾಯಿ ಕಟ್ಟುತ್ತದೆ. ಅವರ ಕೈಗೆ ಕೆಲಸ ಕೊಡಿ. ಹಳೇ ಪ್ರೊಜೆಕ್ಟರ್ ಎಲ್ಲಿದೆ ಹುಡುಕಿ, ಅದರ ಪಕ್ಕ ನಿಲ್ಲಿಸಿ, ಕಾರ್ಬನ್ ಹೇಗೆ ಹಾಕ್ತಿದ್ರಿ ಅಂತ ಕೇಳಿ. ಎರಡು ಕಾರ್ಬನ್ ಕಡ್ಡಿಗಳ ತುದಿ ನಡುವೆ ಪ್ರೊಜೆಕ್ಟರಿನ ಬೆಳಕು ಹತ್ತುತ್ತಿತ್ತು, ಕಡ್ಡಿ ಉರಿದು ಸವೆದಂತೆ ಅಂತರ ಸರಿ ಮಾಡುತ್ತಲೇ ಇರಬೇಕಿತ್ತು, ಮರೆತರೆ ಪರದೆ ಮಂಕಾಗಿ ಜನ ಶಿಳ್ಳೆ ಹಾಕುತ್ತಿದ್ದರು. ಕ್ಯಾಮೆರಾ ಮುಖಕ್ಕಿಂತ ಕೈ ಮೇಲೆ ಇರಲಿ.

ಟೆಂಟ್_ಟಿಕೆಟ್:
ನಿನ್ನೆ ಹಾಗೇ ಮಾಡಿದೆ, ತುಂಬಾ ಥ್ಯಾಂಕ್ಸ್ ಸರ್. ಪ್ರೊಜೆಕ್ಟರ್ ಸಿಗಲಿಲ್ಲ, ಒಂದು ಗಜ ಹಳೇ ಫಿಲ್ಮು ಸಿಕ್ಕಿತು. ಅಜ್ಜ ಅದನ್ನು ಕಿಟಕಿ ಬೆಳಕಿಗೆ ಹಿಡಿದು ಹೆಬ್ಬೆರಳಲ್ಲಿ ಅಂಚು ಸವರಿದರು, ಒಂದು ಕಡೆ ನಿಲ್ಲಿಸಿ "ಇಲ್ಲಿ ಅಂಟಿಸಿದ್ದಾರೆ ನೋಡು, ಅವಸರದಲ್ಲಿ ಮಾಡಿದ ಕೆಲಸ" ಅಂದರು. ಆಮೇಲೆ ಮುಕ್ಕಾಲು ಗಂಟೆ ನಾನು ಒಂದು ಪ್ರಶ್ನೆಯನ್ನೂ ಕೇಳಲಿಲ್ಲ.