ಪದ ಬೇಕು (ತುರ್ತು): ಫಲಕಕ್ಕೆ 'ಕೋರಿಡೋರಾಸ್' ಮೀನಿನ ಕನ್ನಡ ಹೆಸರು

ಎಲ್ಲರಿಗೂ ನಮಸ್ಕಾರ. ಅಕ್ವೇರಿಯಂ ತೊಟ್ಟಿಯೊಂದರ ಫಲಕ ನಾಳೆ ಅಚ್ಚಿಗೆ ಹೋಗಬೇಕು. ತೊಟ್ಟಿಯಲ್ಲಿ ಕಂಚಿನ ಬಣ್ಣದ್ದು, ಪಾಂಡಾ, ಕುಬ್ಜ ಎಂದು ಮೂರು ಬಗೆಯ ಕೋರಿಡೋರಾಸ್ ಇವೆ. ನನ್ನ ಕರಡು:

"ಕವಚಧಾರಿ ಬೆಕ್ಕುಮೀನು. ಮೈಮೇಲೆ ಗಟ್ಟಿ ಹುರುಪೆಗಳಿವೆ. ಸ್ಪರ್ಶಾಂಗಗಳಿಂದ ಆಹಾರ ಹುಡುಕಿ ತೊಟ್ಟಿಯ ತಳವನ್ನು ಸ್ವಚ್ಛಗೊಳಿಸುತ್ತದೆ."

ಹೆಸರು, 'ಸ್ಕ್ಯೂಟ್', 'ಬಾರ್ಬೆಲ್' ಈ ಮೂರಕ್ಕೆ ಸರಿಯಾದ ಪದ ಸೂಚಿಸಿ.

———

> ಮೈಮೇಲೆ ಗಟ್ಟಿ ಹುರುಪೆಗಳಿವೆ

ಇಲ್ಲ. ಈ ಗಣದ ಮೀನುಗಳಿಗೆ ಹುರುಪೆಯೇ ಇರುವುದಿಲ್ಲ. ಇಲ್ಲಿರುವುದು ಚರ್ಮದಲ್ಲೇ ಬೆಳೆದ ಮೂಳೆ. ಕಿವಿರಿನ ಹಿಂದಿನಿಂದ ಬಾಲದ ಬುಡದವರೆಗೆ ಒಂದೊಂದು ಪಕ್ಕಕ್ಕೂ ಎರಡು ಸಾಲು. ಮೇಲಿನದೂ ಕೆಳಗಿನದೂ ಮೈಯ ನಡುಗೆರೆಯಲ್ಲಿ ಕೂಡುತ್ತವೆ. 'ಸ್ಕ್ಯೂಟ್'ಗೆ 'ಮೂಳೆಪಟ್ಟಿ' ಎನ್ನಿ, ಮಕ್ಕಳಿಗೂ ತಿಳಿಯುತ್ತದೆ.

'ಬಾರ್ಬೆಲ್' ಅಂದರೆ ಮೀಸೆ. ಇದಕ್ಕೆ ಈ ಓಲೆಪಟ್ಟಿಗೆ ಬರೆದು ಕೇಳಬೇಕಿತ್ತೆ?

'ಸ್ವಚ್ಛಗೊಳಿಸುತ್ತದೆ' ಎಂಬುದನ್ನು ಮಾತ್ರ ದಯವಿಟ್ಟು ಹೊಡೆದುಹಾಕಿ. ಪದದ ತಪ್ಪಲ್ಲ, ಸಂಗತಿಯೇ ತಪ್ಪು. ಇದನ್ನು ಓದಿದವರು ಕಸ ತಿಂದುಕೊಂಡಿರಲಿ ಎಂದು ಈ ಮೀನನ್ನು ಕೊಂಡೊಯ್ದು ಉಪವಾಸ ಕೆಡವುತ್ತಾರೆ. ಅದು ಪಾಚಿ ತಿನ್ನುವುದಿಲ್ಲ, ಬೇರೆ ಮೀನಿನ ಹಿಕ್ಕೆಯನ್ನೂ ತಿನ್ನುವುದಿಲ್ಲ. ಮುಳುಗುವ ಗುಳಿಗೆ ಆಹಾರವನ್ನು ದೀಪ ಆರಿಸಿದ ಮೇಲೆ ಹಾಕಬೇಕು. ಇಲ್ಲದಿದ್ದರೆ ಮೇಲೆ ಈಜುವ ಮೀನುಗಳೇ ಮುಗಿಸಿಬಿಡುತ್ತವೆ. ಕೋರಿಡೋರಾಸ್ ಮಾಡುವುದು ಮರಳು ಜಾಲಿಸುವ ಕೆಲಸ: ಬಾಯಿತುಂಬ ತೆಗೆದುಕೊಂಡು, ತಿನ್ನುವಂಥದ್ದನ್ನು ಉಳಿಸಿಕೊಂಡು, ಉಳಿದದ್ದನ್ನು ಕಿವಿರಿನಿಂದ ಹೊರಬಿಡುತ್ತದೆ. ಆದ್ದರಿಂದಲೇ ತಳಕ್ಕೆ 1 ಮಿ.ಮೀ.ಗಿಂತ ಸಣ್ಣ, ಮೊನೆಯಿಲ್ಲದ ಮರಳು ಬೇಕು. ಚೂಪು ಜಲ್ಲಿಯಲ್ಲಿ ಮೀಸೆ ಸವೆಯುತ್ತದೆ. ಆದರೆ ಎಲ್ಲ ತಪ್ಪನ್ನೂ ಜಲ್ಲಿಯ ಮೇಲೆ ಹೊರಿಸುವುದೂ ಸರಿಯಲ್ಲ: ಸಂದಿಯಲ್ಲಿ ಕೊಳೆಯುವ ಆಹಾರದಿಂದ ಬರುವ ಸೋಂಕಿಗೆ ಮರಳಿನ ತೊಟ್ಟಿಯಲ್ಲೂ ಮೀಸೆ ಮೊಂಡಾಗುತ್ತದೆ.

———

ಕನ್ನಡದಲ್ಲಿ ಪದ ಸಿದ್ಧವಾಗಿಯೇ ಇದೆ: ಜೋಡುಮೀನು. ಹಳೆಯ ಯುದ್ಧವರ್ಣನೆಗಳಲ್ಲಿ 'ಜೋಡು ತೊಟ್ಟು' ಎಂದರೆ ಕವಚ ತೊಟ್ಟು ಎಂದೇ ಅರ್ಥ. ಮೂಳೆಪಟ್ಟಿ ಎರಡು ಸಾಲು, ಅಂದರೆ ಜೋಡು. ಎರಡು ಅರ್ಥವೂ ಒಂದೇ ಮೀನಿನ ಮೇಲೆ ಕೂತಿದೆ. ಗ್ರೀಕಿನ 'ಕೋರಿಸ್' ಶಿರಸ್ತ್ರಾಣ, 'ದೋರಾ' ಚರ್ಮ ಎಂದು ಬಿಡಿಸುತ್ತಾರೆ. 1803ರಲ್ಲಿ ಫ್ರೆಂಚ್ ಪ್ರಾಣಿಶಾಸ್ತ್ರಜ್ಞ ಲಾಸೆಪೇಡ್ ತನಗೆ ಒಗ್ಗಿದ ಹೆಸರಿಟ್ಟ, ನಾವು ನಮ್ಮದನ್ನು ಇಡೋಣ. 'ಬೆಕ್ಕುಮೀನು' ಇಂಗ್ಲಿಷಿನ ಪಡಿಯಚ್ಚು, 'ಕವಚಧಾರಿ' ನಾಟಕದ ಮಾತು. ಎರಡೂ ಬೇಡ.

———

ಜೋಡು ಇವತ್ತು ಕಾಲಿಗೆ ಹಾಕಿಕೊಳ್ಳುವ ವಸ್ತು. ಫಲಕದ ಮುಂದೆ ಅರ್ಧ ಜನ 'ಚಪ್ಪಲಿ ಮೀನು' ಎಂದುಕೊಂಡು ಮುಂದೆ ಹೋಗುತ್ತಾರೆ.

ಎರಡು ಸಾಲಿನ ವಾದವೂ ನಿಲ್ಲುವುದಿಲ್ಲ. ಕೋರಿಡೋರಾಸ್ ಇರುವ ಕ್ಯಾಲಿಕ್ತಿಡೇ ಕುಟುಂಬಕ್ಕೆಲ್ಲ ಎರಡು ಸಾಲಿದೆ, ಕ್ಯಾಲಿಕ್ತಿಸ್, ಹಾಪ್ಲೊಸ್ಟರ್ನಮ್ ಕುಲಗಳೂ ಸೇರಿ. ಗಾಜಿಗೆ ಬಾಯಿ ಕಚ್ಚಿ ನಿಲ್ಲುವ ಪ್ಲೆಕೊ ಬೇರೆ ಕುಟುಂಬ, ಅದಕ್ಕೆ ಸಾಲು ಇನ್ನೂ ಹೆಚ್ಚು. ಅದೂ 'ಕವಚ'ದ ಮೀನೇ.

> 'ಬೆಕ್ಕುಮೀನು' ಇಂಗ್ಲಿಷಿನ ಪಡಿಯಚ್ಚು

ಹೌದು. ಬದಲಿಗೆ ಏನು? ಮುರಗೋಡು, ಚೇಳುಮೀನು, ಬಾಳೆ, ಗಿರ್ಲು ಎಲ್ಲವೂ ಒಂದೊಂದು ಬಗೆಯ ಹೆಸರು. ಇಡೀ ಗಣಕ್ಕೆ ನಮ್ಮಲ್ಲಿ ಒಂದೇ ಹೆಸರಿಲ್ಲ, ಪಡಿಯಚ್ಚು ಆ ಖಾಲಿ ಜಾಗಕ್ಕೆ ಬಂದು ಕೂತಿದೆ. ಇರಲಿ ಬಿಡಿ.

———

'ಇರಲಿ ಬಿಡಿ' ಎನ್ನುತ್ತಲೇ ಕನ್ನಡದಲ್ಲಿ ಕನ್ನಡ ಕಡಿಮೆಯಾಗಿದ್ದು. ಫಲಕ, ಕವಚ, ಕುಟುಂಬ, ಅಕ್ವೇರಿಯಂ: ಈ ಓಲೆಯಲ್ಲಿ 'ಮೀನು' ಒಂದು ಬಿಟ್ಟರೆ ನಮ್ಮದು ಯಾವುದು?

———

ಮೀನನ್ನೂ ಸಂಸ್ಕೃತ ನಮ್ಮ ಕಡೆಯಿಂದಲೇ ಪಡೆದಿದೆ ಎನ್ನುವವರಿದ್ದಾರೆ. ಸಾಲ ಎರಡು ಕಡೆಗೂ ಹರಿದಿದೆ. ನಿಮ್ಮ 'ಜೋಡು' ಉತ್ತರದಿಂದ ಬಂದದ್ದಲ್ಲ ಎಂದು ಮೊದಲು ತೋರಿಸಿ, ಆಮೇಲೆ ಉಳಿದವರ ಜೇಬು ತಡಕಿ.

———

ಜಗಳ ಆಮೇಲೆ. ಫಲಕಕ್ಕೆ ಬೇಕಾದ್ದು ಇನ್ನೂ ಬಂದಿಲ್ಲ.

2024ರ ಪರಿಷ್ಕರಣೆಯಲ್ಲಿ ಈ ಕುಲವನ್ನು ಒಡೆದಿದ್ದಾರೆ. 'ಕೋರಿಡೋರಾಸ್' ಕುಲದಲ್ಲಿ ಉಳಿದದ್ದು ಉದ್ದ ಮೂತಿಯವು. ನಿಮ್ಮ ಪಾಂಡಾ ಈಗ ಹಾಪ್ಲಿಸೋಮ, ಕಂಚಿನದು ಆಸ್ಟಿಯೊಗ್ಯಾಸ್ಟರ್, ಕುಬ್ಜ ಗ್ಯಾಸ್ಟ್ರೊಡರ್ಮಸ್. ಅಂದರೆ ಮೂರರಲ್ಲಿ ಒಂದೂ ಶಾಸ್ತ್ರದ ಲೆಕ್ಕದಲ್ಲಿ ಕೋರಿಡೋರಾಸ್ ಅಲ್ಲ! ಹಾಗೆಂದು ದೊಡ್ಡ ಅಕ್ಷರದ ಹೆಸರು ಬದಲಿಸಬೇಡಿ. ಸಾಕುವವರ ಬಾಯಲ್ಲಿ ಅದು ಆಡುಹೆಸರಾಗಿ ನಿಂತಿದೆ, ಹಾಗೇ ಇರಲಿ. ಹೊಸ ಕುಲನಾಮಗಳನ್ನು ಕೆಳಗೆ ಸಣ್ಣಕ್ಷರದಲ್ಲಿ ಕೊಡಿ. (ಹಾಪ್ಲಿಸೋಮ ಎಂದರೂ ಕವಚದ ಮೈ ಎಂದೇ. ಜೋಡುಮೀನಿನವರು ಸಮಾಧಾನ ಪಟ್ಟುಕೊಳ್ಳಲಿ.)

'ತಳದ ಮೀನು' ಎಂದೂ ಬರೆಯಬೇಡಿ. ಕುಬ್ಜ ಎರಡೂವರೆ ಸೆಂ.ಮೀ. ದಾಟುವುದು ಅಪರೂಪ, ಹೆಚ್ಚು ಹೊತ್ತು ನಡುನೀರಿನಲ್ಲೇ ಗುಂಪಾಗಿ ತೇಲುತ್ತಿರುತ್ತದೆ. ಒಂದೊಂದು ಬಗೆಯೂ ಆರಕ್ಕಿಂತ ಕಡಿಮೆ ಇರಬಾರದು. ಬೇರೆ ಬಗೆಯವು ಪಕ್ಕದಲ್ಲಿದ್ದರೂ ಅದು ಸ್ವಂತ ಗುಂಪಿಗೆ ಬದಲಿಯಲ್ಲ. ಮೂರಕ್ಕೂ ಹೊಂದುವ ನೀರು 22–25 ಡಿಗ್ರಿ.

ಇನ್ನೊಂದು: ಇವು ಆಗಾಗ ಸರ್ರನೆ ಮೇಲೆ ಹೋಗಿ ಗಾಳಿ ನುಂಗಿ ಬರುತ್ತವೆ. ಆ ಗಾಳಿಯ ಆಮ್ಲಜನಕವನ್ನು ಕರುಳು ಹೀರುತ್ತದೆ. ನೋಡುವವರು ಮೀನಿಗೆ ಉಸಿರು ಕಟ್ಟಿದೆ ಎಂದು ಗಾಬರಿಯಾಗುವುದುಂಟು, ಒಂದು ವಾಕ್ಯ ಹಾಕಿ. ಎಲ್ಲವೂ ಮತ್ತೆ ಮತ್ತೆ ಓಡಿದರೆ ಮಾತ್ರ ನೀರು ಕೆಟ್ಟಿದೆ ಎಂದರ್ಥ. ಅದು ತೊಟ್ಟಿ ನೋಡಿಕೊಳ್ಳುವವರಿಗೆ, ಫಲಕಕ್ಕಲ್ಲ. ಅವರಿಗೇ ಇನ್ನೊಂದು ಮಾತು: ಬಲೆಯಲ್ಲಿ ಹಿಡಿದರೆ ಬೆನ್ನಿನ, ಎದೆಯ ರೆಕ್ಕೆಗಳ ಮುಳ್ಳು ಸಿಕ್ಕಿಕೊಳ್ಳುತ್ತದೆ. ಎಳೆಯದೆ ಬಲೆ ಕತ್ತರಿಸಿ ಬಿಡಿಸಬೇಕು. ಡಬ್ಬಿಯಲ್ಲಿ ಹಿಡಿಯುವುದೇ ಮೇಲು.

———

ಧನ್ಯವಾದಗಳು. ಕಳಿಸುತ್ತಿರುವುದು ಇದು:

"ಕೋರಿಡೋರಾಸ್ ಬೆಕ್ಕುಮೀನುಗಳು. ಹುರುಪೆಯಿಲ್ಲ, ಎರಡೂ ಪಕ್ಕದಲ್ಲಿ ಮೂಳೆಪಟ್ಟಿಗಳ ಎರಡು ಸಾಲು. ಮೀಸೆಗಳಿಂದ ತಡವಿ, ಮರಳು ಜಾಲಿಸಿ ಆಹಾರ ಹುಡುಕುತ್ತವೆ. ಆಗಾಗ ಮೇಲೆ ಬಂದು ಗಾಳಿ ನುಂಗುತ್ತವೆ, ಕರುಳಿನಿಂದಲೂ ಉಸಿರಾಡುತ್ತವೆ."

———

'ಮೀಸೆಗಳಿಂದ' ಬೇಡ, 'ಮೀಸೆಯಿಂದ' ಸಾಕು. ಜೋಡುಮೀನನ್ನು ಆವರಣದಲ್ಲಾದರೂ ಹಾಕಬಹುದಿತ್ತು.