ಪರ್ವತ ಹತ್ತುತ್ತಲೇ ಚಿತ್ರೀಕರಿಸುವವರಿಗೆ ಕನ್ನಡದಲ್ಲಿ ಏನೆನ್ನೋಣ?

ಎಲ್ಲರಿಗೂ ನಮಸ್ಕಾರ.

ಹೈಸ್ಕೂಲು ಮಕ್ಕಳಿಗಾಗಿ ಬೇರೆ ಬೇರೆ ವೃತ್ತಿಗಳ ಪರಿಚಯ ಬರೆಯುತ್ತಿದ್ದೇನೆ. ಹಿಮಪರ್ವತಗಳಲ್ಲಿ ಸಾಕ್ಷ್ಯಚಿತ್ರ ತೆಗೆಯುವವರ ಬರಹಕ್ಕೆ ‘ಸಾಹಸ ಛಾಯಾಗ್ರಾಹಕ’ ಎಂದು ತಲೆಬರಹ ಕೊಟ್ಟಿದ್ದೆ. ಕರಡು ಓದಿದ ಪಕ್ಕದ ಮನೆ ಹುಡುಗಿ, ‘ಇವ್ರು ಫೈಟಿಂಗ್ ಸೀನ್ ತೆಗೆಯೋರಾ ಆಂಟಿ?’ ಎಂದಳು. ಅವಳು ಕೇಳಿದ್ದು ಸರಿಯೇ. ನಮ್ಮ ಸಿನಿಮಾಗಳ ಟೈಟಲ್ ಕಾರ್ಡಿನಲ್ಲಿ ‘ಸಾಹಸ’ ಎಂದರೆ ಹೊಡೆದಾಟ.

‘ಛಾಯಾಗ್ರಾಹಕ’ದಲ್ಲೂ ತೊಡಕಿದೆ. ಸಿನಿಮಾದಲ್ಲಿ ‘ಛಾಯಾಗ್ರಹಣ’ ಚಲನಚಿತ್ರದ್ದು, ಫೋಟೊಗೆ ‘ಸ್ಥಿರಚಿತ್ರಣ’. ಪತ್ರಿಕೆಯಲ್ಲಾದರೆ ಫೋಟೊ ತೆಗೆಯುವವರೇ ಛಾಯಾಗ್ರಾಹಕರು. ಇದೇ ಬೆಂಗಳೂರಿನ ಜಯಚಾಮರಾಜೇಂದ್ರ ಪಾಲಿಟೆಕ್ನಿಕ್‌ನಲ್ಲಿ ಕಲಿತು ಫಾಲ್ಕೆ ಪ್ರಶಸ್ತಿವರೆಗೆ ಹೋದ ಸಿನಿಮಾ ಕ್ಯಾಮೆರಾಮನ್ ವಿ.ಕೆ. ಮೂರ್ತಿಯವರನ್ನು ಹಾಗೆ ಕರೆದರೆ ಗೊಂದಲವಿಲ್ಲ, ಅವರ ಕೆಲಸ ಗೊತ್ತು. ಈ ವೃತ್ತಿ ಮಕ್ಕಳಿಗೆ ಹೊಸದು.

‘ಪರ್ವತ ಚಿತ್ರಗ್ರಾಹಕ’ ಎಂದರೆ ಪರ್ವತ ಬಂತು, ಹತ್ತುವುದು ಬರಲಿಲ್ಲ. 1924ರಲ್ಲಿ ಜಾನ್ ನೋಯಲ್ ಎವರೆಸ್ಟಿನ ಮೇಲ್ಭಾಗವನ್ನು ದೂರದಿಂದಲೇ ಉದ್ದ ಲೆನ್ಸಿನಲ್ಲಿ ಹಿಡಿದರು. ಅವರಿಗೆ ಈ ಹೆಸರು ಸಲ್ಲುತ್ತದೆ. ಆದರೆ 1953ರಲ್ಲಿ, ಎವರೆಸ್ಟಿನ ತುದಿಯನ್ನು ಮೊದಲು ಮುಟ್ಟಿದ ತಂಡದೊಂದಿಗೆ ಎತ್ತರದ ದೃಶ್ಯಗಳನ್ನು ತೆಗೆದ ಜಾರ್ಜ್ ಲೋ ಆ ತಂಡದ ಆರೋಹಿಯೇ ಆಗಿದ್ದರು. 1996ರ ಮೇ 23ರಂದು ಡೇವಿಡ್ ಬ್ರೆಶಿಯರ್ಸ್ ತಂಡ ದೈತ್ಯ ಪರದೆಯ ಚಿತ್ರಗಳಿಗೆ ಬಳಸುವ ಐಮ್ಯಾಕ್ಸ್ ಕ್ಯಾಮೆರಾವನ್ನು ಎವರೆಸ್ಟಿನ ನೆತ್ತಿಗೇ ಒಯ್ದಿತು. ಅದರಲ್ಲಿ ಒಂದು ಫಿಲ್ಮ್ ಸುರುಳಿ ಓಡುವುದು ಸುಮಾರು 90 ಸೆಕೆಂಡು. ಮುಗಿದರೆ ಆ ಚಳಿಯಲ್ಲೇ ಇನ್ನೊಂದನ್ನು ಪೋಣಿಸಬೇಕು. ಉಸಿರು ಸಾಲದ ಜಾಗದಲ್ಲಿ ಅಷ್ಟು ಮಾಡುವವರ ಹೆಸರಿನಲ್ಲಿ ಹತ್ತುವಿಕೆ ಇರಲೇಬೇಕು ಎಂದು ನನಗೆ ಅನಿಸುತ್ತದೆ.

ಕಳೆದ ತಿಂಗಳು ರಾಮನಗರದ ಬಂಡೆಯ ಬುಡದಲ್ಲಿ ನಿಂತು ಇಂಥದೊಂದು ಚಿತ್ರೀಕರಣ ನೋಡಿದೆ. ‘ಕ್ಯಾಮೆರಾದವ್ರು ಮೊದ್ಲು ಹೋಗ್ಲಿ’ ಎಂದು ಯಾರೋ ಕೂಗಿದರು. ಕ್ಯಾಮೆರಾ ಹೊತ್ತ ಒಬ್ಬ ಹುಡುಗಿ ಮೊದಲೇ ಹತ್ತಿ, ಮೇಲೆ ಹಗ್ಗ ಕಟ್ಟಿ, ಅದರಲ್ಲಿ ಅರ್ಧಕ್ಕೆ ಇಳಿದು ತೂಗುತ್ತ ಕಾದಳು. ಕೆಳಗಿನವರು ಹತ್ತತೊಡಗಿದ್ದು ಆಮೇಲೆ. ‘ಕ್ಯಾಮೆರಾದವರು’ ಎಷ್ಟು ಸಲೀಸು! ಗಂಡು ಹೆಣ್ಣಿನ ಭೇದವೂ ಇಲ್ಲ. ಅಧ್ಯಾಯದ ಒಳಗೆ ಅದನ್ನೇ ಬಳಸುತ್ತೇನೆ.

ತಲೆಬರಹಕ್ಕೆ ಸದ್ಯ ‘ಆರೋಹಿ ಚಿತ್ರಗ್ರಾಹಕ’ ಎಂದಿಟ್ಟಿದ್ದೇನೆ, ಹೆಣ್ಣಾದರೆ ‘ಚಿತ್ರಗ್ರಾಹಕಿ’. ಆದರೆ ಸಮಾಸ ಬಿಡಿಸಿದರೆ ‘ಆರೋಹಿಯೂ ಆದ ಚಿತ್ರಗ್ರಾಹಕ’ ಎಂದೂ ಆಗುತ್ತದೆ, ‘ಆರೋಹಿಗಳ ಚಿತ್ರ ತೆಗೆಯುವವನು’ ಎಂದೂ ಆಗುತ್ತದೆ. ನನಗೆ ಬೇಕಾದದ್ದು ಮೊದಲನೆಯದು. ನಿಮ್ಮ ಕಿವಿಗೆ ಯಾವುದು ಮೊದಲು ಕೇಳಿಸುತ್ತದೆ?