ಅಪ್‌ಡೇಟ್: ಅಮೆರಿಕದ ಕೊಲೊರಾಡೋದಲ್ಲಿ ಮದುವೆ ಆಯ್ತು, ಟ್ರಿಪ್ಪೂ ಮುಗೀತು

ಇಬ್ಬರೇ ಹೋಗಿ ಬೆಟ್ಟದ ಬುಡದಲ್ಲಿ ಮದುವೆಯಾಗಿ, ಅಲ್ಲಿಂದಲೇ ಕಾರಿನಲ್ಲಿ ಹನಿಮೂನ್‌ಗೆ ಹೊರಡಬಹುದಾ ಅಂತ ಕೇಳಿದ್ದೆ ಅಲ್ವಾ? ಆರಾಮಾಗಿ ಆಯ್ತು.

ಕೊಲೊರಾಡೋದಲ್ಲಿ ಪುರೋಹಿತರೂ ಬೇಡ, ಸಾಕ್ಷಿಯೂ ಬೇಡ. ಇಬ್ಬರೂ ಸಹಿ ಹಾಕಿದರೆ ಸಾಕು. ಲೈಸೆನ್ಸ್ ತಗೊಂಡು 35 ದಿನದೊಳಗೆ ಮದುವೆ ಆಗಬೇಕು. ಸಹಿ ಹಾಕಿದ ಕಾಗದನ ಲೈಸೆನ್ಸ್ ಕೊಟ್ಟ ಕಚೇರಿಗೆ ವಾಪಸ್ ಕೊಡೋದು ಮರೀಬೇಡಿ.

ರಾಕಿ ಮೌಂಟನ್ ನ್ಯಾಷನಲ್ ಪಾರ್ಕ್‌ಗೆ ಬೇರೆ ಪರ್ಮಿಟ್ ಬೇಕು, ಅವರು ಗೊತ್ತು ಮಾಡಿದ ಜಾಗದಲ್ಲೇ ಮದುವೆ. ನಾವು ಸ್ಪ್ರೇಗ್ ಲೇಕ್ ಆರಿಸಿಕೊಂಡೆವು. ಅಲ್ಲಿ ಅಕ್ಕಿ ಎರಚುವ ಹಾಗಿಲ್ಲ, ಹಾಗಾಗಿ ಅಕ್ಷತೆ ಇಲ್ಲ, ಜೀರಿಗೆ ಬೆಲ್ಲ ಮಾತ್ರ. ಚಳಿಗೆ ಬೆರಳು ಮರಗಟ್ಟಿ ತಾಳಿಯ ಗಂಟು ಹಾಕೋಕೇ ಇವರು ಒದ್ದಾಡಿಬಿಟ್ಟರು!

ಆಮೇಲೆ ಅದೇ ಪಾರ್ಕಿನ ಟ್ರೈಲ್ ರಿಡ್ಜ್ ರೋಡ್. 12,183 ಅಡಿ ಎತ್ತರದವರೆಗೂ ಕಾರು ಹೋಗುತ್ತೆ, ಆದರೆ ಚಳಿಗಾಲದಲ್ಲಿ ಮುಚ್ಚಿರುತ್ತೆ. ಯೂರೇಯಿಂದ ಸಿಲ್ವರ್ಟನ್‌ಗೆ ಹೋಗುವ ಮಿಲಿಯನ್ ಡಾಲರ್ ಹೈವೇಯಲ್ಲಿ ಎಷ್ಟೋ ಕಡೆ ತಡೆಗೋಡೆಯೇ ಇಲ್ಲ. ದಕ್ಷಿಣಕ್ಕೆ ಹೋಗುವಾಗ ಪ್ರಪಾತದ ಬದಿ ನಮ್ಮದೇ. ಆಗುಂಬೆ ಘಾಟಿಯೇ ವಾಸಿ ಅನ್ನಿಸಿತು. ಭಯ ಜಾಸ್ತಿ ಇದ್ದರೆ ದಕ್ಷಿಣದ ಡ್ಯುರಾಂಗೊ ಊರಿನ ಕಡೆಯಿಂದ ಉಲ್ಟಾ ಬನ್ನಿ.

ಆರತಕ್ಷತೆ ಮಾತ್ರ ಊರಲ್ಲೇ ಆಗಬೇಕಂತೆ. ಅಮ್ಮ ಆಗಲೇ ಛತ್ರ ಹುಡುಕುತ್ತಿದ್ದಾರೆ.